ಚುಸ್ ಲಾಂಪ್ರೆಯಾವೆ: ಹತ್ತು ನಿಮಿಷದ ಪಾತ್ರ, ಆದರೂ ಈ ಅಜ್ಜಿನೇ ಯಾಕೆ ತಲೆಯಲ್ಲಿ ಕೂರ್ತಾಳೆ?

ಕಡಲೆಕಾಯಿ ಪರಿಷೆ:
ಎಲ್ಲರಿಗೂ ನಮಸ್ಕಾರ. ಈಚೆಗೆ ಸ್ಪೇನಿನ ಪೆದ್ರೊ ಅಲ್ಮೊದೊವಾರ್ ಸಿನಿಮಾಗಳನ್ನು ಒಂದೊಂದಾಗಿ ನೋಡುತ್ತಿದ್ದೇನೆ. ಕಾರ್ಮೆನ್ ಮೌರಾ, ಪೆನೆಲೊಪೆ ಕ್ರೂಜ್ ಬಗ್ಗೆ ಎಲ್ಲರೂ ಬರೆದಾಗಿದೆ, ಅದು ಬಿಡಿ. ನನ್ನನ್ನು ಕಾಡುತ್ತಿರುವುದು ದಪ್ಪ ಕನ್ನಡಕದ ಒಬ್ಬ ಕುಳ್ಳ ಅಜ್ಜಿ. ಒಂದು ಸಿನಿಮಾದಲ್ಲಿ ಕ್ರೈಸ್ತ ಸನ್ಯಾಸಿನಿ, ಇನ್ನೊಂದರಲ್ಲಿ ಬಿಲ್ಡಿಂಗ್ ಕಾಯೋಳು, ಮತ್ತೊಂದರಲ್ಲಿ ಅತ್ತೆ. ಬರ್ತಾಳೆ, ನಾಲ್ಕು ಮಾತಾಡ್ತಾಳೆ, ಹೋಗ್ತಾಳೆ. ಸಿನಿಮಾ ಮುಗಿದ ಮೇಲೆ ನನಗೆ ನೆನಪಿರುವುದು ಅವಳೇ.

ಹೆಸರು ಚುಸ್ ಲಾಂಪ್ರೆಯಾವೆ ಅಂತ ಗೊತ್ತಾಯಿತು. ನನ್ನ ಪ್ರಶ್ನೆ ಇಷ್ಟು. ಈಯಮ್ಮ ನಿಜವಾಗಿ ನಟಿಸುತ್ತಾರಾ, ಇಲ್ಲಾ ಇದ್ದ ಹಾಗೇ ಇರ್ತಾರಾ? ಅಲ್ಮೊದೊವಾರ್ ಕಣ್ಣಿಗೆ ಎಲ್ಲಿ ಬಿದ್ದರು? ಬೇರೆ ಯಾರ ಸಿನಿಮಾದಲ್ಲಾದರೂ ಇದ್ದಾರಾ?

ಬೆಣ್ಣೆದೋಸೆ:
'ವೊಲ್ವೆರ್' ಸಿನಿಮಾದ ಪಾಉಲಾ ದೊಡ್ಡಮ್ಮ! ಆ ಮನೆ, ಆ ತಿಂಡಿ ಡಬ್ಬಿಗಳು. ನನಗೂ ಅದೇ ನೆನಪು. ಫಾಲೋ ಮಾಡ್ತೀನಿ ಈ ಚರ್ಚೆನ.

ಹಳೇ ರೀಲು:
ಕಡಲೆಕಾಯಿ ಅವರೇ, ಪ್ರಶ್ನೆ ಚೆನ್ನಾಗಿದೆ. ಆದರೆ ಅಲ್ಮೊದೊವಾರ್ ಕಣ್ಣಿಗೆ ಬೀಳುವ ಹೊತ್ತಿಗೆ ಈಕೆ ಸಿನಿಮಾಕ್ಕೆ ಬಂದು ಇಪ್ಪತ್ತೈದು ವರ್ಷ ಆಗಿತ್ತು.

ಹುಟ್ಟಿದ್ದು 1930ರ ಡಿಸೆಂಬರ್ 11, ಮ್ಯಾಡ್ರಿಡ್‌ನಲ್ಲಿ. ಪೂರ್ತಿ ಹೆಸರು ಮರಿಯಾ ಹೆಸೂಸ್ ಲಾಂಪ್ರೆಯಾವೆ ಪೆರೆಸ್. ಓದಿದ್ದು ಚಿತ್ರಕಲೆ, ಅದೂ ಮ್ಯಾಡ್ರಿಡ್‌ನ ಸಾನ್ ಫೆರ್ನಾಂದೊ ಲಲಿತಕಲಾ ಅಕಾಡೆಮಿಯಲ್ಲಿ. ನಟಿಯಾಗಲೇಬೇಕು ಅನ್ನುವ ಹಂಬಲ ಇದ್ದವರಲ್ಲ. ಸ್ನೇಹಿತರು ಕರೆದರು, ಹೋದರು. ಆದರೆ ಆ ಸ್ನೇಹಿತರು ಯಾರು ಅಂತ ನೋಡಿ. ಒಬ್ಬರು ನಿರ್ದೇಶಕ ಹೈಮೆ ದೆ ಅರ್ಮಿನ್ಯಾನ್. ಇನ್ನೊಬ್ಬರು ಮಾರ್ಕೊ ಫೆರ್ರೇರಿ.

ಫೆರ್ರೇರಿ ಇಟಲಿಯವನು. ಸ್ಪೇನಿಗೆ ಬಂದದ್ದು ಸಿನಿಮಾ ಮಾಡಲಿಕ್ಕಲ್ಲ, ವೈಡ್‌ಸ್ಕ್ರೀನ್ ಕ್ಯಾಮೆರಾ ಲೆನ್ಸ್ ಮಾರಲಿಕ್ಕೆ. ಅಲ್ಲಿ ರಫಾಯೆಲ್ ಅಸ್ಕೋನಾ ಎಂಬ ಹಾಸ್ಯ ಬರಹಗಾರ ಸಿಕ್ಕ. ಇಬ್ಬರೂ ಸೇರಿ 'ಎಲ್ ಪಿಸೀತೊ' ಮಾಡಿದರು. ಕಥೆ ಏನಪ್ಪಾ ಅಂದರೆ, ಬಾಡಿಗೆ ಮನೆ ಸಿಗದೆ ಮದುವೆ ಮುಂದೂಡುತ್ತಾ ಬಂದ ಒಬ್ಬ ಗುಮಾಸ್ತ, ಸಾಯುವ ಹಾಗಿರುವ ಮುದುಕಿಯನ್ನೇ ಮದುವೆಯಾಗುತ್ತಾನೆ. ಅವಳು ಸತ್ತರೆ ಹಳೇ ಬಾಡಿಗೆಯ ಮನೆ ಇವನಿಗೆ ಬರುತ್ತದೆ ಅಂತ! ಆಮೇಲೆ 1960ರಲ್ಲಿ 'ಎಲ್ ಕೊಚೆಸೀತೊ'. ಎರಡರಲ್ಲೂ ಚುಸ್‌ಗೆ ಸಣ್ಣ ಪಾತ್ರ. 1963ರಲ್ಲಿ ಸ್ಪೇನಿನ ನಿರ್ದೇಶಕ ಬೆರ್ಲಾಂಗಾನ 'ಎಲ್ ವೆರ್ದೂಗೊ', ಗಲ್ಲಿಗೇರಿಸುವವನ ಕಥೆ. ಅದರಲ್ಲೂ ಇದ್ದಾರೆ, ಕಣ್ಣು ಮಿಟುಕಿಸಿದರೆ ತಪ್ಪಿಹೋಗುತ್ತದೆ.

ಸ್ಪ್ಯಾನಿಷ್ ಸಿನಿಮಾದ ಅತ್ಯುತ್ತಮ ಪಟ್ಟಿ ಯಾರೇ ಮಾಡಲಿ, ಈ ಮೂರಲ್ಲಿ ಎರಡಾದರೂ ಇರುತ್ತವೆ. ಮೂರರಲ್ಲೂ ಈಯಮ್ಮ ಇದ್ದಾರೆ. ಅಲ್ಮೊದೊವಾರ್ ಆಗ ಸ್ಕೂಲಿಗೆ ಹೋಗ್ತಿದ್ದ ಹುಡುಗ.

ಕಡಲೆಕಾಯಿ ಪರಿಷೆ:
ಅಯ್ಯೋ, ಇದೆಲ್ಲ ಗೊತ್ತೇ ಇರಲಿಲ್ಲ ಸರ್. ಹಾಗಾದರೆ ಅಷ್ಟು ವರ್ಷ ಯಾರೂ ಯಾಕೆ ಗಮನಿಸಲಿಲ್ಲ?

ತಕರಾರು ತಮ್ಮಯ್ಯ:
ಗಮನಿಸೋಕೆ ಏನಿತ್ತು ಅಂತ? ಕಣ್ಣು ಮಿಟುಕಿಸಿದರೆ ತಪ್ಪಿಹೋಗುವ ಪಾತ್ರ ಅಂತ ಅವರೇ ಹೇಳಿದ್ದಾರೆ. ದೊಡ್ಡ ಸಿನಿಮಾದಲ್ಲಿ ಇದ್ದ ಮಾತ್ರಕ್ಕೆ ದೊಡ್ಡ ನಟಿ ಆಗಿಬಿಡ್ತಾರಾ? ಪಾತ್ರ ಇಲ್ಲದ ಇಪ್ಪತ್ತೈದು ವರ್ಷವನ್ನು ಸಾಧನೆ ಅಂತ ಲೆಕ್ಕ ಹಾಕಬೇಡಿ.

ಹಳೇ ರೀಲು:
ಸಾಧನೆ ಅಂತ ಎಲ್ಲಿ ಹೇಳಿದೆ ತಮ್ಮಯ್ಯನವರೇ? ಅಲ್ಮೊದೊವಾರ್ ಕಂಡುಹಿಡಿದ ಅನ್ನೋದು ಸರಿಯಲ್ಲ ಅಂತ ಹೇಳಿದೆ, ಅಷ್ಟೇ.

ಮಲ್ಲಿಗೆ ಮೊಗ್ಗು:
ನಿಮ್ಮಿಬ್ಬರ ಜಗಳದ ನಡುವೆ ಒಂದು ಮಾತು. ಹಳೇ ರೀಲು ಸರ್ ಹೇಳಿದ ಅಸ್ಕೋನಾ ಇದಾರಲ್ಲ, ಚಿತ್ರಕಥೆ ಬರೆದವರು, ಅವರ ಹೆಸರು ಹಿಡಿದು ಹೋದರೆ ಚುಸ್ ಅವರ ಅರ್ಧ ಜೀವನ ಸಿಗುತ್ತದೆ. 'ಎಲ್ ಪಿಸೀತೊ', 'ಎಲ್ ಕೊಚೆಸೀತೊ', 'ಎಲ್ ವೆರ್ದೂಗೊ', ಆಮೇಲೆ ಬೆರ್ಲಾಂಗಾನ 'ನಾಸಿಯೊನಾಲ್' ಸರಣಿಯ ಸಿನಿಮಾಗಳು, ಆಮೇಲೆ ಫೆರ್ನಾಂದೊ ತ್ರುಯೆಬಾನ 'ಬೆಲ್ ಎಪಾಕ್'. ಎಲ್ಲದರಲ್ಲೂ ಅಸ್ಕೋನಾ ಬರವಣಿಗೆ ಇದೆ. ಎಲ್ಲರೂ ಇವರನ್ನು ಅಲ್ಮೊದೊವಾರ್ ಹುಡುಗಿಯರ ಪಟ್ಟಿಗೆ ಸೇರಿಸ್ತಾರೆ. ನಾನಾದರೆ ಮೊದಲು ಅಸ್ಕೋನಾ ಮನೆಯ ಅಜ್ಜಿ ಅಂತೀನಿ.

ಬೆಣ್ಣೆದೋಸೆ:
ಅಲ್ಮೊದೊವಾರ್ ಹುಡುಗಿಯರು ಅಂದ್ರಾ? ವಯಸ್ಸು ಎಷ್ಟು ಆಗ 😄

ಮಲ್ಲಿಗೆ ಮೊಗ್ಗು:
ಸ್ಪೇನ್‌ನಲ್ಲಿ ಹಾಗೇ ಕರೆಯೋದು ಮಾರಾಯ್ರೆ. ಮೊದಲ ಸಲ ಅವರ ಜೊತೆ ಕೆಲಸ ಮಾಡಿದ್ದು 1983ರ 'ಎಂತ್ರೆ ತಿನಿಯೆಬ್ಲಾಸ್'. ಐವತ್ತು ದಾಟಿತ್ತು. ಆ ಮಠದಲ್ಲಿ ಸನ್ಯಾಸಿನಿಯರು ತಮ್ಮನ್ನು ತಾವೇ ಕೀಳಾಗಿಸಿಕೊಳ್ಳಲು ಅಸಹ್ಯದ ಹೆಸರು ಇಟ್ಟುಕೊಳ್ಳುತ್ತಾರೆ. ಮರಿಸಾ ಪರೇದೆಸ್ 'ಸಗಣಿ ಸಿಸ್ಟರ್'. ಚುಸ್ ಅವರದು 'ಗಲ್ಲಿ ಇಲಿ ಸಿಸ್ಟರ್'. ಆಶ್ರಯಕ್ಕೆ ಬಂದ ಹುಡುಗಿಯರ ಕಥೆ ಕೇಳಿ ಕೇಳಿ, ಗುಟ್ಟಾಗಿ ಬೇರೆ ಹೆಸರಲ್ಲಿ ಮಸಾಲೆ ಕಾದಂಬರಿ ಬರೆಯುವ ಸನ್ಯಾಸಿನಿ! ಅದನ್ನು ಆಕೆ ತುಂಟತನದಿಂದ ಆಡುವುದಿಲ್ಲ. ತರಕಾರಿ ಹೆಚ್ಚುವಷ್ಟು ಸಹಜವಾಗಿ ಆಡುತ್ತಾರೆ. ಮಜಾ ಇರೋದು ಅಲ್ಲೇ.

ಸಾಲಿಗ್ರಾಮ:
ಅದೇ ಸಿನಿಮಾದಲ್ಲಿ ಮಠದೊಳಗೆ ಹುಲಿ ಸಾಕಿರುತ್ತಾರಲ್ವಾ? ನಾನು ಅರ್ಧಕ್ಕೆ ನಿಲ್ಲಿಸಿದ್ದೆ.

ಮಲ್ಲಿಗೆ ಮೊಗ್ಗು:
ಹೌದು, ಸಾಕೋದು ಕಾರ್ಮೆನ್ ಮೌರಾ. ಅರ್ಧಕ್ಕೆ ಯಾಕೆ ನಿಲ್ಲಿಸಿದ್ರಿ? ಪೂರ್ತಿ ನೋಡಿ.

ಹೋಂವರ್ಕ್ ಬಾಕಿ:
ನಟಿಸುತ್ತಾರಾ ಇಲ್ಲವಾ ಅನ್ನೋ ಪ್ರಶ್ನೆಗೆ ಉತ್ತರ 1984ರ ಸಿನಿಮಾದಲ್ಲಿದೆ. 'ಇದೆಲ್ಲ ಅನುಭವಿಸೋಕೆ ನಾನೇನು ಮಾಡಿದ್ದೆ' ಅನ್ನೋ ಅರ್ಥದ ಉದ್ದ ಹೆಸರು. ಕಾರ್ಮೆನ್ ಮೌರಾ ಮನೆಗೆಲಸ ಮಾಡಿ ಮಾಡಿ ಸುಸ್ತಾದ ಗೃಹಿಣಿ. ಮ್ಯಾಡ್ರಿಡ್‌ನ ಎಂ-30 ಹೆದ್ದಾರಿ ಪಕ್ಕದ ಬೆಂಕಿಪೊಟ್ಟಣದಂಥ ಫ್ಲಾಟ್. ಗಂಡ ಟ್ಯಾಕ್ಸಿ ಓಡಿಸ್ತಾನೆ. ಚುಸ್ ಆ ಗಂಡನ ತಾಯಿ.

ಈ ಅತ್ತೆ ಕೇಕು, ಗ್ಯಾಸ್ ಇರುವ ಮಿನರಲ್ ವಾಟರ್ ಎಲ್ಲಾ ಬೀಗ ಹಾಕಿ ಇಟ್ಟುಕೊಳ್ಳುತ್ತಾಳೆ. ಮನೆಯವರು ಕೇಳಿದರೆ ದುಡ್ಡಿಗೆ ಮಾರ್ತಾಳೆ! ಪಾರ್ಕಿನಲ್ಲಿ ಸಿಕ್ಕ ಹಲ್ಲಿಯನ್ನು ಮನೆಗೆ ತಂದು 'ದುಡ್ಡು' ಅಂತ ಹೆಸರಿಡ್ತಾಳೆ. ಸೊಸೆ ಹಂದಿ ತೊಡೆಯ ಮೂಳೆಯಿಂದ ಗಂಡನ ತಲೆಗೆ ಹೊಡೆದು ಸಾಯಿಸಿದಾಗ ಅದನ್ನು ನೋಡಿದ ಒಂದೇ ಜೀವ ಆ ಹಲ್ಲಿ.

ಒಂದು ದೃಶ್ಯ ಹೇಳ್ತೀನಿ. ಮೊಮ್ಮಗನಿಗೆ ಹೋಂವರ್ಕ್. ಒಬ್ಬೊಬ್ಬ ಸಾಹಿತಿ ರೊಮ್ಯಾಂಟಿಕ್ಕೋ ರಿಯಲಿಸ್ಟೋ ಹೇಳಬೇಕು. ಹುಡುಗ ಹೆಸರು ಓದ್ತಾನೆ, ಅಜ್ಜಿ ತೀರ್ಪು ಕೊಡ್ತಾಳೆ. ಇಬ್ಸೆನ್? ರೊಮ್ಯಾಂಟಿಕ್. ಲಾರ್ಡ್ ಬೈರನ್? ರಿಯಲಿಸ್ಟ್. ಬಾಲ್ಜಾಕ್? ರೊಮ್ಯಾಂಟಿಕ್. ಎಲ್ಲಾ ಉಲ್ಟಾ! ಒಂದು ಕ್ಷಣ ಯೋಚಿಸುವ ಹಾಗೆ ಕನ್ನಡಕದ ಹಿಂದೆ ಕಣ್ಣು ನಿಲ್ಲುತ್ತೆ, ಆಮೇಲೆ ಪೂರ್ತಿ ಧೈರ್ಯದಿಂದ ತಪ್ಪು ಉತ್ತರ. ಜೋಕು ಹೇಳ್ತಿದ್ದೀನಿ ಅಂತ ಒಂದಿಷ್ಟೂ ಗೊತ್ತಾಗಲ್ಲ. ಇದನ್ನು 'ಇದ್ದ ಹಾಗೇ ಇರೋದು' ಅನ್ನೋರು ಕ್ಯಾಮೆರಾ ಮುಂದೆ ಒಂದು ಸಲ ನಿಂತು ನೋಡಲಿ.

ಇನ್ನೊಂದು ವಿಷಯ. ಅಜ್ಜಿ ಪಾತ್ರ ಮಾಡಿದಾಗ ಆಕೆಗೆ 53 ವರ್ಷ. ಸೊಸೆಯಾದ ಮೌರಾ 1945ರಲ್ಲಿ ಹುಟ್ಟಿದವರು. ಅತ್ತೆ ಸೊಸೆ ನಡುವೆ ಹದಿನೈದೇ ವರ್ಷ ಅಂತರ. ಸಿನಿಮಾ ನೋಡುವಾಗ ನಿಮಗೆ ಅನ್ನಿಸಿತಾ? ನನಗಂತೂ ಎಪ್ಪತ್ತರ ಅಜ್ಜಿನೇ ಕಂಡಿದ್ದು. ಅದು ನಟನೆ ಅಲ್ಲದೆ ಇನ್ನೇನು?

ತಕರಾರು ತಮ್ಮಯ್ಯ:
ವಿಗ್ಗು, ಕಪ್ಪು ಬಟ್ಟೆ, ಸೋಡಾಬುಡ್ಡಿ ಕನ್ನಡಕ. ನನಗೂ ಹಾಕಿ, ನಾನೂ ಎಪ್ಪತ್ತರ ಅಜ್ಜಿ ಆಗ್ತೀನಿ.

ಬೆಣ್ಣೆದೋಸೆ:
ತಮ್ಮಯ್ಯನವರು ಮಾತಲ್ಲಿ ಆಗಲೇ ಆಗಿದ್ದಾರೆ, ವಿಗ್ ಬೇಕಾಗಿಲ್ಲ.

ಸಾಲಿಗ್ರಾಮ:
🤣🤣

ಮ್ಯಾಡ್ರಿಡ್ ಮಂಜ:
ತಡವಾಗಿ ನೋಡಿದೆ ಈ ಚರ್ಚೆ. ಕೆಲಸದ ಮೇಲೆ ಮ್ಯಾಡ್ರಿಡ್‌ನಲ್ಲಿ ಇರುವವನು, ಹಾಗಾಗಿ ಒಂದೆರಡು ಸಾಲು. ಮೇಲೆ 'ಬಿಲ್ಡಿಂಗ್ ಕಾಯೋಳು' ಅಂತ ಬರೆದಿದ್ದೀರಲ್ಲ, ಇಲ್ಲಿ 'ಪೋರ್ತೆರಾ' ಅಂತಾರೆ. ನಮ್ಮ ಅಪಾರ್ಟ್‌ಮೆಂಟಿನ ಸೆಕ್ಯುರಿಟಿ ಥರ ಅಲ್ಲ. ಹಳೇ ಕಟ್ಟಡದಲ್ಲಿ ಕೆಳಗಡೆ ಒಂದು ಸಣ್ಣ ಮನೆ ಅವಳಿಗೇ ಇರುತ್ತಿತ್ತು. ಮೆಟ್ಟಿಲು ಒರೆಸೋದು, ಕಾಗದ ಹಂಚೋದು, ಯಾರು ಬಂದರು ಯಾರು ಹೋದರು ಎಲ್ಲಾ ಅವಳ ಲೆಕ್ಕ. ಈಗ ಬಹಳ ಕಡೆ ಆ ಜಾಗದಲ್ಲಿ ಕಾಲಿಂಗ್ ಬೆಲ್ ಬೋರ್ಡು ಇದೆ. ನಾನಿರುವ ಕಟ್ಟಡದಲ್ಲಿ ಅವಳ ಕಿಟಕಿ ಇನ್ನೂ ಇದೆ, ಒಳಗೆ ಸೈಕಲ್ ಇಟ್ಟಿದ್ದಾರೆ.

ಚುಸ್ ಮೂರು ಸಲ ಅಲ್ಮೊದೊವಾರ್‌ಗೆ ಪೋರ್ತೆರಾ ಆಗಿದ್ದಾರೆ. 1988ರ 'ವಿಮೆನ್ ಆನ್ ದಿ ವರ್ಜ್' ಸಿನಿಮಾದಲ್ಲಿ ಯೆಹೋವನ ಸಾಕ್ಷಿ ಪಂಥದವಳು. ಸುಳ್ಳು ಹೇಳೋಕೆ ತನ್ನ ಧರ್ಮ ಬಿಡಲ್ಲ ಅಂತಾಳೆ. ಒಂದು ಕಟ್ಟಡದ ಗುಟ್ಟೆಲ್ಲ ಗೊತ್ತಿರೋ ಹೆಂಗಸು, ಸುಳ್ಳು ಹೇಳೋ ಹಾಗಿಲ್ಲ! ಆ ಸಿನಿಮಾದಲ್ಲಿ ಎಲ್ಲರೂ ಎಲ್ಲರಿಗೂ ಸುಳ್ಳು ಹೇಳ್ತಾನೇ ಇರ್ತಾರೆ, ಅದಕ್ಕೇ ನಗು. 2002ರ 'ಹಾಬ್ಲೆ ಕೊನ್ ಎಯಾ'ದಲ್ಲಿ ಅಷ್ಟು ಘೋರ ಘಟನೆ ಆಗಿದೆ, ಈ ಪೋರ್ತೆರಾಗೆ ಬೇಜಾರು ಏನಂದ್ರೆ ತನ್ನನ್ನು ಸಂದರ್ಶನ ಮಾಡೋಕೆ ಒಬ್ಬ ಟಿವಿಯವನೂ ಬಂದಿಲ್ಲ ಅಂತ. 2009ರ 'ಲೋಸ್ ಅಬ್ರಾಸೊಸ್ ರೋತೊಸ್'ನಲ್ಲಿ ಸಿನಿಮಾದೊಳಗೆ ಒಂದು ಸಿನಿಮಾ ಬರುತ್ತಲ್ಲ, ಅದರಲ್ಲೂ ಪೋರ್ತೆರಾನೇ.

ತಕರಾರು ತಮ್ಮಯ್ಯ:
ನೋಡಿ, ನನ್ನ ಮಾತಿಗೆ ಸಾಕ್ಷಿ ಸಿಕ್ಕಿತು. ಒಂದೇ ಪಾತ್ರ ಮೂರು ಸಲ. ಅಲ್ಮೊದೊವಾರ್ ಈಕೆಯನ್ನು ಊಟದೆಲೆಯ ಉಪ್ಪಿನಕಾಯಿ ಹಾಗೆ ಬಳಸಿದ್ದಾರೆ. ರುಚಿ ಇದೆ, ಒಪ್ಪಿದೆ. ಆದರೆ ಯಾರೂ ಉಪ್ಪಿನಕಾಯಿಯಲ್ಲೇ ಊಟ ಮುಗಿಸಲ್ಲ. ಎಂಟು ಸಿನಿಮಾ ಜೊತೆಗೆ ಮಾಡಿದರಲ್ಲ, ಒಂದರಲ್ಲಾದರೂ ನಾಯಕಿ ಮಾಡಿದರಾ? ಮೌರಾಗೆ ಕೊಟ್ಟರು, ಪರೇದೆಸ್‌ಗೆ ಕೊಟ್ಟರು. ಇವರಿಗೆ ಯಾಕೆ ಇಲ್ಲ? ಅಭಿಮಾನ ಬದಿಗಿಟ್ಟು ಉತ್ತರ ಕೊಡಿ.

ಕಡಲೆಕಾಯಿ ಪರಿಷೆ:
ಇದು ಮಾತ್ರ ನ್ಯಾಯವಾದ ಪ್ರಶ್ನೆ ಅನ್ನಿಸ್ತು.

ಹಳೇ ರೀಲು:
ನ್ಯಾಯವಾದ ಪ್ರಶ್ನೆಯೇ. ನನ್ನ ಉತ್ತರ ಬೇರೆ ದಾರಿಯದು.

ಬೆರ್ಲಾಂಗಾನ 1978ರ 'ಲಾ ಎಸ್ಕೊಪೇತಾ ನಾಸಿಯೊನಾಲ್' ನೋಡಿ. ಸರ್ವಾಧಿಕಾರಿ ಫ್ರಾಂಕೊ ಕಾಲದ ಕೊನೆ, ಬಿಲ್ಡಿಂಗಿಗೆ ಹಾಕುವ ಇಂಟರ್‌ಕಾಂ ತಯಾರಿಸುವ ಕತಲಾನ್ ವ್ಯಾಪಾರಿಯೊಬ್ಬ ಮಂತ್ರಿಗಳನ್ನು ಹಿಡಿಯೋಕೆ ಬೇಟೆ ಪಾರ್ಟಿಗೆ ದುಡ್ಡು ಸುರೀತಾನೆ. ಬೆರ್ಲಾಂಗಾ ಪದ್ಧತಿ ಏನಂದ್ರೆ, ಕಟ್ ಇಲ್ಲದ ಉದ್ದ ಶಾಟು, ಫ್ರೇಮಿನ ತುಂಬ ಜನ, ಎಲ್ಲರೂ ಒಟ್ಟಿಗೆ ಮಾತು. ಮದುವೆಮನೆ ಗದ್ದಲ. ಚುಸ್ ಅಲ್ಲಿ ಆ ಗುಂಪಿನಲ್ಲಿ ಒಬ್ಬರು. ಮಾತು ಆಡ್ತಾರೆ, ಇನ್ನೊಬ್ಬ ಅದರ ಮೇಲೆ ಮಾತು ಹಾಕ್ತಾನೆ, ಕ್ಯಾಮೆರಾ ಮುಂದೆ ಹೋಗುತ್ತೆ. ಸಿನಿಮಾ ಅದ್ಭುತ, ಆದರೆ ಯಾವ ನಟನಿಗೂ ಅಲ್ಲಿ ತನ್ನದೇ ಅಂತ ಜಾಗ ಕಮ್ಮಿ.

ಅಲ್ಮೊದೊವಾರ್ ಮಾಡಿದ ಕೆಲಸ ಇಷ್ಟೇ. ಅದೇ ಹೆಂಗಸನ್ನು ಗುಂಪಿನಿಂದ ಹೊರಗೆ ಕರೆದು, ಕ್ಯಾಮೆರಾ ಎದುರು ನಿಲ್ಲಿಸಿ, ಉಳಿದವರಿಗೆ ಸುಮ್ಮನಿರಿ ಅಂದರು. ಈಕೆ ಮಾತು ಮುಗಿಸುವ ತನಕ ಕಾದರು. ಮೂರು ನಿಮಿಷ ಇರಲಿ, ಹತ್ತು ನಿಮಿಷ ಇರಲಿ, ಅಷ್ಟು ಹೊತ್ತು ಸಿನಿಮಾ ಅವಳದ್ದೇ. ನಾಯಕಿ ಪಟ್ಟ ಕೊಡಲಿಲ್ಲ, ನಿಜ. ಆದರೆ ನಾಯಕಿ ಕೂಡ ನಿಂತು ಕೇಳುವ ಹಾಗೆ ಮಾಡಿದರು.

ಹೋಂವರ್ಕ್ ಬಾಕಿ:
ಇದು ಸರಿ ಹೊಂದ್ತು ನೋಡಿ. ಹೋಂವರ್ಕ್ ದೃಶ್ಯ ಅದೇ.

ತಕರಾರು ತಮ್ಮಯ್ಯ:
ಭಾಷಣ ಚೆನ್ನಾಗಿದೆ ಸರ್. ಸಂಭಾವನೆ ಕೂಡ ನಾಯಕಿಯಷ್ಟೇ ಕೊಟ್ಟರಾ ಅಂತ ಕೇಳಿ.

ಮಲ್ಲಿಗೆ ಮೊಗ್ಗು:
ತಮ್ಮಯ್ಯನವರೇ, ನಿಮಗೆ ಅಲ್ಮೊದೊವಾರ್ ಸಾಕಾಗಿದ್ದರೆ 'ಬೆಲ್ ಎಪಾಕ್' ನೋಡಿ. 1992. ತ್ರುಯೆಬಾ ನಿರ್ದೇಶನ. 1931ರ ಸ್ಪೇನ್, ರಾಜಪ್ರಭುತ್ವ ಹೋಗಿ ಗಣರಾಜ್ಯ ಬರುವ ಹೊತ್ತು. ಸೈನ್ಯ ಬಿಟ್ಟು ಓಡಿಬಂದ ಹುಡುಗ, ಒಂದೇ ಮನೆಯ ನಾಲ್ಕು ಅಕ್ಕತಂಗಿಯರು. ಚುಸ್ ಅಲ್ಲಿ ದೋನ್ಯಾ ಅಸುನ್, ರಾಜ ಮತ್ತು ಚರ್ಚು ಎರಡನ್ನೂ ಬಿಡದ ಶ್ರೀಮಂತ ತಾಯಿ. ಅವಳ ದೊಡ್ಡ ಮಗುವಿನಂಥ ಮಗ, ಹುಡುಗಿಗೋಸ್ಕರ ಧರ್ಮನೂ ಬಿಡ್ತೀನಿ ಅಂತ ಹಠ ಹಿಡೀತಾನೆ. ಇಲ್ಲಿ ಈಕೆ ಹಳ್ಳಿ ಅಜ್ಜಿಯೂ ಅಲ್ಲ, ಪೋರ್ತೆರಾನೂ ಅಲ್ಲ. ಸೆಡವು, ಹಮ್ಮು, ಮಗನ ಮೇಲಿನ ಕುರುಡು ಪ್ರೀತಿ, ಮೂರೂ ಒಟ್ಟಿಗೆ. ಇದಕ್ಕೇ ಪೋಷಕ ನಟಿ ಗೋಯಾ ಪ್ರಶಸ್ತಿ ಬಂತು, ಸ್ಪೇನಿನ ದೊಡ್ಡ ಸಿನಿಮಾ ಪ್ರಶಸ್ತಿ ಅದು. ಆ ವರ್ಷ ಸಿನಿಮಾಗೆ ಒಟ್ಟು ಒಂಬತ್ತು ಗೋಯಾ. ಆಮೇಲೆ ವಿದೇಶಿ ಭಾಷೆಯ ಆಸ್ಕರ್ ಕೂಡ.

ಸಾಲಿಗ್ರಾಮ:
ಆ ಆಸ್ಕರ್ ಭಾಷಣ ಸಖತ್. ದೇವರನ್ನು ನಂಬೋ ಆಸೆ ಇತ್ತು, ಧನ್ಯವಾದ ಹೇಳೋಕೆ, ಆದರೆ ನಾನು ನಂಬೋದು ಬಿಲ್ಲಿ ವೈಲ್ಡರ್‌ನ ಮಾತ್ರ ಅಂದ್ರು ತ್ರುಯೆಬಾ. ಮಾರನೇ ದಿನ ಹಾಲಿವುಡ್ ನಿರ್ದೇಶಕ ವೈಲ್ಡರ್ ಫೋನ್ ಮಾಡಿ ನಾನು ದೇವರು ಮಾತಾಡ್ತಿರೋದು ಅಂದರಂತೆ.

ಮ್ಯಾಡ್ರಿಡ್ ಮಂಜ:
'ತೊರ್ರೆಂತೆ' ಬಗ್ಗೆ ಯಾರೂ ಹೇಳಲಿಲ್ಲ! ಇಲ್ಲಿ ಆಫೀಸಿನಲ್ಲಿ ಚುಸ್ ಹೆಸರು ಎತ್ತಿದರೆ ಅರ್ಧ ಜನ ಹೇಳೋದು ಅಲ್ಮೊದೊವಾರ್ ಅಲ್ಲ, ಇದನ್ನೇ. ಸಾಂತಿಯಾಗೊ ಸೆಗೂರಾ 1998ರಲ್ಲಿ ಮಾಡಿದ ಸಿನಿಮಾ. ನಾಯಕ ಕೊಳಕ, ಲಂಚಕೋರ, ಜನಾಂಗದ್ವೇಷಿ ಮಾಜಿ ಪೊಲೀಸ್. ಆಗಿನ ಮಟ್ಟಿಗೆ ಸ್ಪ್ಯಾನಿಷ್ ಸಿನಿಮಾದಲ್ಲೇ ದೊಡ್ಡ ಗಲ್ಲಾಪೆಟ್ಟಿಗೆ ಹಿಟ್. ಅದರಲ್ಲೂ ಈಯಮ್ಮ ಇದ್ದಾರೆ. ಒಂದು ಕಡೆ ಕಾನ್ ಚಿತ್ರೋತ್ಸವದ ಸಿನಿಮಾ, ಇನ್ನೊಂದು ಕಡೆ ಇಂಥ ಪಕ್ಕಾ ಮಸಾಲೆ. ಎರಡಕ್ಕೂ ಅದೇ ಮುಖ, ಅದೇ ಗಂಭೀರ ಧ್ವನಿ.

ತಕರಾರು ತಮ್ಮಯ್ಯ:
ಇದು ಇಷ್ಟ ಆಯ್ತು. ಮಸಾಲೆ ಸಿನಿಮಾನೂ ಮಾಡಿದ್ದಾರೆ ಅಂದಮೇಲೆ ಗೌರವ ಸ್ವಲ್ಪ ಜಾಸ್ತಿ ಆಯ್ತು.

ರಂಗಮಂಚ:
ಒಂದು ಹೋಲಿಕೆ ಹೇಳಲೇ? ನಮ್ಮ ಉಮಾಶ್ರೀ. ಎಷ್ಟು ವರ್ಷ ಕಾಮಿಡಿ ಪಾತ್ರಗಳಲ್ಲೇ ಕಳೆದರು. 'ಗುಲಾಬಿ ಟಾಕೀಸ್' ಬಂದಾಗ ರಾಷ್ಟ್ರಪ್ರಶಸ್ತಿ ಸಿಕ್ಕಿತು, ಆಗ ಎಲ್ಲರೂ ಅಯ್ಯೋ ಇಷ್ಟು ದೊಡ್ಡ ನಟಿಯಾ ಅಂದರು. ರಂಗಭೂಮಿಯವರಿಗೆ 'ಒಡಲಾಳ' ನೋಡಿದ ದಿನವೇ ಗೊತ್ತಿತ್ತು.

ಸಾಲಿಗ್ರಾಮ:
ಉಮಾಶ್ರೀ ರಂಗಭೂಮಿಯಲ್ಲಿ ಬೆಂದು ಬಂದವರು. ಇವರು ಚಿತ್ರಕಲೆ ಓದಿ, ಸ್ನೇಹಿತರು ಕರೆದರು ಅಂತ ಬಂದವರು. ಎರಡನ್ನೂ ಒಂದೇ ತಕ್ಕಡಿಗೆ ಹಾಕೋಕೆ ಆಗಲ್ಲ.

ರಂಗಮಂಚ:
ದಾರಿ ಬೇರೆ, ಒಪ್ಪಿದೆ. ಪ್ರೇಕ್ಷಕರು ಮಾಡಿದ್ದು ಒಂದೇ ಅಲ್ವಾ? ನಗಿಸುವವರನ್ನು ನಟರು ಅಂತ ಲೆಕ್ಕಕ್ಕೆ ತಗೊಳ್ಳೋದು ಲೇಟು.

ಬೆಣ್ಣೆದೋಸೆ:
ನಾನು ಇದನ್ನೆಲ್ಲ ಇಂಗ್ಲಿಷ್ ಡಬ್ಬಿಂಗ್‌ನಲ್ಲಿ ನೋಡ್ತಿದ್ದೆ, ನಡೆಯುತ್ತಾ?

ಮಲ್ಲಿಗೆ ಮೊಗ್ಗು:
ದಯವಿಟ್ಟು ಬೇಡ!! ಈಕೆಯ ಅರ್ಧ ಆಸ್ತಿ ಆ ಧ್ವನಿ. ಸಣ್ಣಗೆ, ಸ್ವಲ್ಪ ಕೀರಲಾಗಿ, ಏರಿಳಿತ ಇಲ್ಲದೆ ಒಂದೇ ಸಮನೆ ಬರುತ್ತೆ. ಸಬ್‌ಟೈಟಲ್ ಹಾಕಿಕೊಂಡು ಸ್ಪ್ಯಾನಿಷ್‌ನಲ್ಲೇ ನೋಡಿ.

ಮ್ಯಾಡ್ರಿಡ್ ಮಂಜ:
ತಮಾಷೆ ಏನಂದ್ರೆ ಸ್ಪೇನಿನವರೇ ಡಬ್ಬಿಂಗ್ ಪ್ರಿಯರು. 1941ರಲ್ಲಿ ಫ್ರಾಂಕೊ ಸರ್ಕಾರ ಹೊರಗಿನ ಸಿನಿಮಾ ಎಲ್ಲಾ ಕಡ್ಡಾಯವಾಗಿ ಸ್ಪ್ಯಾನಿಷ್‌ಗೆ ಡಬ್ ಆಗಬೇಕು ಅಂತ ಆದೇಶ ಮಾಡಿತ್ತು. ಕಡ್ಡಾಯ ಹೋಯಿತು, ಅಭ್ಯಾಸ ಹೋಗಿಲ್ಲ. ಸೆನ್ಸಾರ್‌ಗೂ ಅನುಕೂಲ ಆಗಿತ್ತು, ಬೇಡದ ಮಾತು ಬದಲಾಯಿಸಿಬಿಡೋದು.

ಸಾಲಿಗ್ರಾಮ:
ನಮ್ಮಲ್ಲಿ ದಶಕಗಟ್ಟಲೆ ಡಬ್ಬಿಂಗ್ ಬೇಡ ಅಂತ ಹೋರಾಟ, ಅಲ್ಲಿ ಬೇಕೇ ಬೇಕು ಅಂತ ಕಾನೂನು. ಎರಡಕ್ಕೂ ಹೇಳಿದ ಕಾರಣ ಭಾಷೆ ಉಳಿಸೋದು. ನಾನಂತೂ ಡಬ್ಬಿಂಗ್ ಪರ.

ತಕರಾರು ತಮ್ಮಯ್ಯ:
ಬಂತಪ್ಪಾ. ಡಬ್ಬಿಂಗ್ ಶುರು ಮಾಡಿದರೆ ಈ ಚರ್ಚೆ ಯುಗಾದಿವರೆಗೂ ಮುಗಿಯಲ್ಲ. ನಾನು ವಿರುದ್ಧ. ಅಷ್ಟೇ, ಮುಂದೆ ಹೋಗಿ.

ನಿರ್ವಾಹಕ:
ಡಬ್ಬಿಂಗ್ ಬಗ್ಗೆ ಬೇರೆ ಚರ್ಚೆ ಈಗಾಗಲೇ ಇದೆ. ಅಲ್ಲಿ ಜಗಳ ಆಡಿ. ಇಲ್ಲಿ ಚುಸ್ ಅಮ್ಮನ ಬಗ್ಗೆ ಮಾತ್ರ.

ಹೊಲದಂಚು:
ನಾನು ಸಾಮಾನ್ಯವಾಗಿ ಓದಿ ಸುಮ್ನೆ ಹೋಗುವವಳು. ಆದರೆ 'ಲಾ ಫ್ಲೋರ್ ದೆ ಮಿ ಸೆಕ್ರೇತೊ' ಬಗ್ಗೆ ಯಾರೂ ಬರೆದಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ. 1995ರದ್ದು. ಮರಿಸಾ ಪರೇದೆಸ್ ಕಾದಂಬರಿಗಾರ್ತಿ ಲೇಯೊ. ಚುಸ್ ಅವಳ ತಾಯಿ. ಮ್ಯಾಡ್ರಿಡ್‌ನಲ್ಲಿ ಇನ್ನೊಬ್ಬ ಮಗಳ ಮನೆಯಲ್ಲಿರುತ್ತಾಳೆ, ಆ ಮಗಳು ರೋಸಿ ದೆ ಪಾಲ್ಮಾ. ಇಬ್ಬರ ಜಗಳ ಕೇಳಬೇಕು! ತಾಯಿಗೆ ಪಟ್ಟಣದಲ್ಲಿ ಏನೂ ಸರಿಬರಲ್ಲ, ಊರಿಗೆ ಹೋಗ್ತೀನಿ ಊರಿಗೆ ಹೋಗ್ತೀನಿ ಅಂತ ಒಂದೇ ರಾಗ. ಮಗಳು ರೇಗ್ತಾಳೆ, ತಾಯಿ ಇನ್ನೊಂದು ಚುಚ್ಚು ಮಾತು ಹಾಕ್ತಾಳೆ. ನಗು ತಡೆಯೋಕಾಗಲ್ಲ.

ಆಮೇಲೆ ಲೇಯೊ ಗಂಡ ಬಿಟ್ಟು ಹೋಗಿ ಕುಸಿದಾಗ, ತಾಯಿ ಮಗಳು ಇಬ್ಬರೂ ಲಾ ಮಾಂಚಾ ಸೀಮೆಯ ಊರಿಗೆ ಹೋಗ್ತಾರೆ. ಅಲ್ಲಿ ತಾಯಿ ಅದೇ ಧ್ವನಿಯಲ್ಲಿ, ಒಂದಿಷ್ಟೂ ಗೋಳಾಡದೆ ಹೇಳ್ತಾಳೆ. ಗಂಡ ಸತ್ತರೂ ಅಷ್ಟೇ, ಬಿಟ್ಟು ಹೋದರೂ ಅಷ್ಟೇ, ಹೆಂಗಸು ಹುಟ್ಟಿದ ಊರಿಗೆ ವಾಪಸ್ ಬರಬೇಕು, ಇಲ್ಲದಿದ್ದರೆ ಕೊರಳಗಂಟೆ ಇಲ್ಲದ ಹಸು ಥರ ದಿಕ್ಕು ತಪ್ಪಿ ಅಲೀತೀಯ. ಅಷ್ಟೊತ್ತು ನಗಿಸಿದವಳು ಇವಳೇನಾ ಅನ್ನಿಸ್ತು. ಆಮೇಲೆ ಅಂಗಳದಲ್ಲಿ ಕೂತು ಹೆಂಗಸರೆಲ್ಲ ದಿಂಬಿನ ಮೇಲೆ ಕಡ್ಡಿಗಳನ್ನು ಟಕಟಕ ಆಡಿಸುತ್ತಾ ಲೇಸ್ ಹೆಣೀತಾರೆ, ಹಾಡ್ತಾರೆ. ಅಲ್ಮಾಗ್ರೊ ಎಂಬ ಊರಿನ ಕಸುಬು ಅದು, ಚಿತ್ರೀಕರಣ ಆಗಿದ್ದೂ ಅಲ್ಲೇ.

ನಮ್ಮತ್ತೆ ಬೆಂಗಳೂರಿಗೆ ಬಂದಾಗಲೆಲ್ಲ ಇದೇ ಜಗಳ. ಅವರಿಗೆ ಈ ಸಿನಿಮಾ ತೋರಿಸಿದೆ. ಭಾಷೆ ಬರಲ್ಲ, ಕನ್ನಡದಲ್ಲಿ ನಾನೇ ಹೇಳ್ತಾ ಹೋದೆ. 'ಈಯಮ್ಮ ಹೇಳೋದು ಸರಿ ಇದೆ' ಅಂದ್ಬಿಟ್ಟು ಬಸ್ ಟಿಕೆಟ್ ಮಾಡಿಸು ಅಂದರು.

ಬೆಣ್ಣೆದೋಸೆ:
😂 ಟಿಕೆಟ್ ಮಾಡಿಸಿದ್ರಾ ಅಕ್ಕ?

ಹೊಲದಂಚು:
ಮಾಡಿಸಲೇಬೇಕಾಯ್ತು.

ಮಲ್ಲಿಗೆ ಮೊಗ್ಗು:
ಹೊಲದಂಚು ಅವರೇ, ನೀವು ಇನ್ನೂ ಜಾಸ್ತಿ ಬರೀಬೇಕು ಇಲ್ಲಿ. ಆ ತಾಯಿಯ ಮಾತುಗಳಲ್ಲಿ ಅಲ್ಮೊದೊವಾರ್ ಅವರ ಸ್ವಂತ ತಾಯಿ ಫ್ರಾನ್ಸಿಸ್ಕಾ ಕಬಾಯೆರೊ ಮಾತು ಬಹಳ ಇದೆ. ಅವರೂ ಲಾ ಮಾಂಚಾದವರೇ. ಮಗನ ಸಿನಿಮಾಗಳಲ್ಲಿ ತಾವೇ ಮುಖ ತೋರಿಸಿದ್ದಾರೆ. 'ವಿಮೆನ್ ಆನ್ ದಿ ವರ್ಜ್'ನಲ್ಲಿ ಟಿವಿ ವಾರ್ತೆ ಓದುವ ಅಜ್ಜಿ ಅವರೇ! ಆದರೆ ತಾಯಿಯ ಪಾತ್ರ ನಿಜವಾಗಿ ಆಡಿ ತೋರಿಸಬೇಕಾದಾಗ ಕರೆದದ್ದು ಚುಸ್ ಅವರನ್ನ.

ಹೋಂವರ್ಕ್ ಬಾಕಿ:
ಇನ್ನೊಂದು ಗಮನಿಸಿ. ಆ ಸಿನಿಮಾದಲ್ಲಿ ಲೇಯೊ ಬರೆದ ಕಾದಂಬರಿಯನ್ನು ಪ್ರಕಾಶಕರು ಬೇಡ ಅಂತಾರೆ, ತುಂಬಾ ಕರಾಳ ಅಂತ. ಅದರ ಕಥೆ: ತಂದೆ ಮಗಳ ಮೇಲೆ ಕೈ ಹಾಕ್ತಾನೆ, ಮಗಳು ಕೊಲ್ತಾಳೆ, ತಾಯಿ ಹೆಣವನ್ನು ಫ್ರೀಜರ್‌ನಲ್ಲಿ ಬಚ್ಚಿಡ್ತಾಳೆ. ಹನ್ನೊಂದು ವರ್ಷ ಆದ ಮೇಲೆ ಅದೇ 'ವೊಲ್ವೆರ್' ಆಯ್ತು.

ಕಡಲೆಕಾಯಿ ಪರಿಷೆ:
ಅರೆ! ಎರಡೂ ನೋಡಿದ್ದೆ, ಹೊಳೆದೇ ಇರಲಿಲ್ಲ.

ಹಳೇ ರೀಲು:
'ವೊಲ್ವೆರ್'ಗೆ 2006ರ ಕಾನ್‌ನಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಒಬ್ಬರಿಗಲ್ಲ, ಆರು ಜನಕ್ಕೂ ಸೇರಿ ಕೊಟ್ಟರು. ವಾಂಗ್ ಕರ್‌ವಾಯ್ ತೀರ್ಪುಗಾರರ ಅಧ್ಯಕ್ಷ. ಪೆನೆಲೊಪೆ ಕ್ರೂಜ್, ಕಾರ್ಮೆನ್ ಮೌರಾ, ಲೋಲಾ ದುಯೆನ್ಯಾಸ್, ಬ್ಲಾಂಕಾ ಪೊರ್ತಿಯೊ, ಯೊಹಾನಾ ಕೋಬೊ, ಜೊತೆಗೆ ನಮ್ಮ ಚುಸ್. ಸಿನಿಮಾ ಶುರುವಾಗಿ ಸ್ವಲ್ಪ ಹೊತ್ತಿಗೇ ಪಾಉಲಾ ದೊಡ್ಡಮ್ಮ ಸಾಯುತ್ತಾಳೆ. ಅಷ್ಟು ಸಣ್ಣ ಪಾತ್ರಕ್ಕೆ ಕಾನ್ ಪ್ರಶಸ್ತಿ. ಆಗ ಆಕೆಗೆ 75.

ತಕರಾರು ತಮ್ಮಯ್ಯ:
ಆರು ಜನಕ್ಕೆ ಹಂಚಿದ್ದು ಅಂದ್ರೆ ತೀರ್ಪುಗಾರರು ತೀರ್ಮಾನ ಮಾಡೋಕಾಗದೆ ತಪ್ಪಿಸಿಕೊಂಡರು ಅಂತಾನೂ ಹೇಳಬಹುದು. ಅದೇ ವರ್ಷ ಅತ್ಯುತ್ತಮ ನಟ ಪ್ರಶಸ್ತಿನೂ ಒಂದು ಇಡೀ ತಂಡಕ್ಕೇ ಕೊಟ್ಟರು.

ಹೊಲದಂಚು:
ತಮ್ಮಯ್ಯನವರೇ, ಆ ಆರರಲ್ಲಿ ಒಬ್ಬರನ್ನು ತೆಗೆದು ನೋಡಿ. ಪಾಉಲಾ ದೊಡ್ಡಮ್ಮನಿಗೆ ಕಣ್ಣು ಸರಿಯಾಗಿ ಕಾಣಲ್ಲ, ನೆನಪೂ ಹೋಗ್ತಿದೆ. ಆದರೂ ಬಂದ ಹೆಣ್ಣುಮಕ್ಕಳಿಗೆ ಡಬ್ಬಿ ತುಂಬ ತಿಂಡಿ ರೆಡಿ. ಇಷ್ಟು ಕೈಲಾಗದವಳು ಇದನ್ನೆಲ್ಲ ಹೇಗೆ ಮಾಡಿದಳು ಅಂತ ನಮಗೆ ಅನುಮಾನ ಬರಬೇಕು. ಆ ಅನುಮಾನದ ಮೇಲೇ ಇಡೀ ಕಥೆ ನಿಂತಿದೆ. ಅವಳ ಮಾತನ್ನು ನಾವು ಮರೆವು ಅಂದುಕೊಳ್ಳಬೇಕು, ಆಮೇಲೆ ನಿಜ ಅಂತ ಗೊತ್ತಾಗಬೇಕು. ಒಂದು ಚೂರು ಜಾಸ್ತಿ ಆಡಿದ್ದರೂ ಗುಟ್ಟು ಬಿಟ್ಟುಹೋಗ್ತಿತ್ತು.

ತಕರಾರು ತಮ್ಮಯ್ಯ:
ಹ್ಞೂಂ. ಇದಕ್ಕೆ ತಕರಾರು ಹುಡುಕ್ತಾ ಇದ್ದೀನಿ, ಸಿಕ್ಕಿದ ಮೇಲೆ ಬರ್ತೀನಿ.

ಸಾಲಿಗ್ರಾಮ:
ಈಗ ಬದುಕಿದ್ದಾರಾ?

ಮ್ಯಾಡ್ರಿಡ್ ಮಂಜ:
ಇಲ್ಲ. 2016ರ ಏಪ್ರಿಲ್ 4ರಂದು ಅಲ್ಮೇರಿಯಾದಲ್ಲಿ ತೀರಿಕೊಂಡರು. 85 ವರ್ಷ. 2012ರಲ್ಲಿ ತ್ರುಯೆಬಾ ಅವರ 'ಎಲ್ ಆರ್ತಿಸ್ತಾ ಇ ಲಾ ಮೊದೇಲೊ'ದಲ್ಲಿ ಇನ್ನೂ ಆಡಿದ್ದರು. ಕಪ್ಪು ಬಿಳುಪು ಸಿನಿಮಾ. ಜ್ಯಾನ್ ರೋಷ್‌ಫೋರ್ ಮುದಿ ಶಿಲ್ಪಿ, ಕ್ಲೌದಿಯಾ ಕಾರ್ದಿನಾಲೆ ಅವನ ಹೆಂಡತಿ, ಈಕೆ ಮನೆಗೆಲಸದವಳು. ಬೆತ್ತಲೆ ಮಾಡೆಲ್ ನೋಡಿ ಗೊಣಗ್ತಾ ಓಡಾಡ್ತಾರೆ. ಎಂಬತ್ತು ದಾಟಿದರೂ ಟೈಮಿಂಗ್ ಹಾಗೇ ಇತ್ತು.

ರಂಗಮಂಚ:
ಕಲಾ ಅಕಾಡೆಮಿಯಲ್ಲಿ ಚಿತ್ರ ಬಿಡಿಸೋದು ಕಲಿತವರು, ಶಿಲ್ಪಿ ಮನೆ ಕೆಲಸದವಳ ಪಾತ್ರದಲ್ಲಿ! ಅವರಿಗೇ ಒಳಗೊಳಗೆ ನಗು ಬಂದಿರಬೇಕು.

ಕಡಲೆಕಾಯಿ ಪರಿಷೆ:
ಎಲ್ಲರಿಗೂ ಥ್ಯಾಂಕ್ಸ್, ಇಷ್ಟೊಂದು ಸಿಗುತ್ತೆ ಅಂದುಕೊಂಡಿರಲಿಲ್ಲ. ಈಗ ಕೊನೇ ಪ್ರಶ್ನೆ. ಅಲ್ಮೊದೊವಾರ್ ಬಿಟ್ಟು, ಯಾವುದರಿಂದ ಶುರು ಮಾಡಲಿ?

ಹಳೇ ರೀಲು:
'ಎಲ್ ಪಿಸೀತೊ'. ಆಮೇಲೆ 'ಎಲ್ ವೆರ್ದೂಗೊ'. ಚುಸ್ ಎಲ್ಲಿದ್ದಾರೆ ಅಂತ ಹುಡುಕುತ್ತಾ ನೋಡಿ.

ಮಲ್ಲಿಗೆ ಮೊಗ್ಗು:
ಸರ್, ಹೊಸಬರಿಗೆ ಕಷ್ಟ ಆಗುತ್ತೆ. 'ಬೆಲ್ ಎಪಾಕ್'ನಿಂದ ಶುರು ಮಾಡಲಿ. ಅರ್ಮಿನ್ಯಾನ್ ಅವರ 1972ರ 'ಮಿ ಕೆರೀದಾ ಸೆನ್ಯೋರೀತಾ' ಕೂಡ ಪಟ್ಟಿಗೆ ಹಾಕಿ. ಹೆಣ್ಣು ಅಂತಾನೇ ಬೆಳೆದು ನಡುವಯಸ್ಸಿನಲ್ಲಿ ತಾನು ಗಂಡು ಅಂತ ಗೊತ್ತಾಗುವವರ ಕಥೆ. ಫ್ರಾಂಕೊ ಬದುಕಿದ್ದಾಗಲೇ ಮಾಡಿದ್ದು! ಆಸ್ಕರ್ ನಾಮಿನೇಷನ್ ಕೂಡ ಬಂತು. ಚುಸ್ ಅದರಲ್ಲೂ ಸಣ್ಣ ಪಾತ್ರದಲ್ಲಿದ್ದಾರೆ.

ತಕರಾರು ತಮ್ಮಯ್ಯ:
'ತೊರ್ರೆಂತೆ'ಯಿಂದ ಶುರು ಮಾಡಿ. ನಾನೂ ಅಲ್ಲಿಂದಲೇ ಮಾಡೋದು.

ಮ್ಯಾಡ್ರಿಡ್ ಮಂಜ:
ಮನೆಯವರ ಜೊತೆ ಕೂತು ಮಾತ್ರ ನೋಡಬೇಡಿ ತಮ್ಮಯ್ಯಣ್ಣ. ಆಮೇಲೆ ನನ್ನ ಬೈಬೇಡಿ.